ಇನ್ನೂರ ನಲವತ್ತು ಕಲ್ಲು

5 ಆಗಸ್ಟ್ 2024, ಸೋಮವಾರ

ಬೆಳಿಗ್ಗೆ ಆರೂವರೆಗೇ ಮೆಸೇಜು. ಇಎಂಐ ಕಟ್ — 9,667. ಹಾಲಿನವನಿಗಿಂತ ಮೊದಲು ಬರುತ್ತದೆ. ಹಾಲಿನವನಾದರೂ ಆಗೀಗ ರಜೆ ಹಾಕುತ್ತಾನೆ.

ನಲವತ್ತನೇ ಕಂತು. ಶಾಕೀರ್ ಚಹಾ ಮುಗಿಸಿ ಜಾಜಿನ ಡಬ್ಬಿ ತೆಗೆದ. ಬೆರಳು ಅದ್ದಿ ನಡುಮನೆಯ ಇನ್ನೊಂದು ಕಲ್ಲಿನ ಮೂಲೆಗೆ ಕೆಂಪು ಗೀಟು ಎಳೆದ. ಅಮ್ಮಿ ಬಿಸ್ಮಿಲ್ಲಾ ಅಂದರು. (ಎದುರಿಗೆ ಗಂಡನಿಗೆ ‘ರೀ’ ಹಚ್ಚುತ್ತೇನೆ. ಡೈರಿಯಲ್ಲಿ ಬರೀ ಶಾಕೀರ್. ಇದು ನನ್ನ ರಾಜ್ಯ.)

ಮುಂದೆಂದಾದರೂ ಓದಿದರೆ ನನಗೇ ಹುಚ್ಚು ಅನಿಸೀತು, ಕಾರಣ ಬರೆದಿಡುವುದು ವಾಸಿ. ಶಾಕೀರ್ ಕೆಲಸ ಮಾಡುವ ಪಾಲಿಶ್ ಯಾರ್ಡಿನಲ್ಲಿ ದುಡ್ಡು ಮುಟ್ಟಿದ ಕಲ್ಲಿಗೆ ಕೆಂಪು ಗೀಟು ಹಾಕುವ ಪದ್ಧತಿ. ಗೀಟು ಬಿದ್ದರೆ ಕೊಂಡವನದು. ಬೀಳದಿದ್ದರೆ ಮಾಲೀಕನದು, ಅದರ ಮೇಲೆ ಕೂತು ರೊಟ್ಟಿ ಸಹ ತಿನ್ನುವುದಿಲ್ಲ. ಮೂರು ವರ್ಷದ ಹಿಂದೆ ಬ್ಯಾಂಕ್ ಸಾಲದಲ್ಲಿ ಈ ಮನೆ ಕಟ್ಟಿದಾಗ ಅತ್ತೆ, ಅಂದರೆ ಅಮ್ಮಿ, ಬಾಗಿಲಲ್ಲೇ ನಿಂತುಬಿಟ್ಟರು. ಬ್ಯಾಜು, ಅಂದರೆ ಬಡ್ಡಿ, ಹರಾಮ್; ಬ್ಯಾಜಿನ ನೆಲದ ಮೇಲೆ ನಮಾಜ್ ಮಾಡುವುದಿಲ್ಲ ಅಂದರು. ಶಾಕೀರ್ ತಲೆ ಓಡಿಸಿದ. ಸಾಲ ಇನ್ನೂರ ನಲವತ್ತು ತಿಂಗಳಿನದು. ಅವನೇ ಹಾಸಿದ ಕಲ್ಲು, ಬಾಗಿಲ ಮೆಟ್ಟಿಲು ಸೇರಿಸಿ, ಇನ್ನೂರ ನಲವತ್ತು. ತಿಂಗಳಿಗೊಂದು ಕಂತು, ಕಂತಿಗೊಂದು ಕಲ್ಲು ನಮ್ಮದು. ಗೀಟು ಬಿದ್ದ ಕಲ್ಲಿನ ಮೇಲಷ್ಟೇ ನಮಾಜ್ ಮಾಡಮ್ಮಾ ಅಂದ. ಒಪ್ಪಿದರು. ಪಶ್ಚಿಮದ ಗೋಡೆಯಿಂದ ಶುರುವಾಯಿತು. ನಮಾಜಿನ ಚಾಪೆ ಜಾನಮಾಜ್ ಹಾಸಲು ಎರಡು ಕಲ್ಲಾದರೂ ಬೇಕಲ್ಲ, ಅಲ್ಲಿಯತನಕ ಪಕ್ಕದ ಮನೆಗೆ ಹೋಗಿ ಬರುತ್ತಿದ್ದರು.

ನಾನು ಗಣಿತದ ಟೀಚರ್. ನನಗೂ ಆ ಲೆಕ್ಕ ಸರಿಯಾಗೇ ಕಂಡಿತ್ತು.

11 ಆಗಸ್ಟ್, ರವಿವಾರ, ಮಧ್ಯಾಹ್ನ 3

ಮಳೆ ನಿಂತು ಬಿಸಿಲು ಬಿದ್ದಿದೆ. ಓಣಿಯಲ್ಲಿ ಒಂದು ನಾಯಿಯೂ ಇಲ್ಲ. ಪೇಪರ್ ತಿದ್ದುತ್ತಾ ಕೂತಿದ್ದೆ. ಟಕ್… ಟಕ್… ಅಂತ ಸದ್ದು.

ಅಮ್ಮಿ ಕುಕ್ಕರಗಾಲಲ್ಲಿ ಕೂತು ಅಡಕೊತ್ತಿನ ಹಿಡಿಯಿಂದ ಕಲ್ಲು ಬಡಿಯುತ್ತಿದ್ದಾರೆ. ಒಂದು ಬಡಿತ, ಕಿವಿ ಹಚ್ಚಿ ಕೇಳುವುದು, ಮುಂದಿನ ಕಲ್ಲು. ತೀರಿಹೋದ ನಮ್ಮ ಮಾವ ಸರ್ದಾರ್ ಸಾಬರು ಖಣಿಯಲ್ಲಿ ಕಲ್ಲು ಆರಿಸುತ್ತಿದ್ದದ್ದು ಹೀಗೇ ಅಂತೆ. ಬಡಿದರೆ ಗಟ್ಟಿ ಕಲ್ಲು ಉತ್ತರ ಕೊಡುತ್ತದೆ. ಒಳಗೆ ಬಿರುಕಿದ್ದರೆ ಕೊಡುವುದಿಲ್ಲ. ರೊಟ್ಟಿ ಒಯ್ದು ಕೊಡುತ್ತಾ ಕೊಡುತ್ತಾ ಅಮ್ಮಿ ಕಲಿತದ್ದು.

ನಲವತ್ತೂ ಮುಗಿಸಿ ನನ್ನನ್ನು ಕರೆದರು. ತೆಂಗಳಿ ಊರಿನ ಹೆಣ್ಣುಮಗಳು, ಸಿಟ್ಟು ಬಂದರೆ ಉರ್ದು, ಸಮಾಧಾನ ಇದ್ದರೆ ಕನ್ನಡ. ಇವತ್ತು ಕನ್ನಡ.

“ಅತೀಯಾ, ಗೋಡಿ ಕಡಿಂದ ಹನ್ನೊಂದು ಗಟ್ಟಿ ಅವ. ಉಳದದ್ದೆಲ್ಲಾ ಪೊಳ್ಳ. ಮ್ಯಾಲ ಗೀಟ ಅದ, ಒಳಗ ಏನೂ ಇಲ್ಲ.”

ನನಗೆ ಎಲ್ಲಾ ಒಂದೇ ಥರ ಕೇಳಿಸಿತು. ಕಿವಿಗೆ ಎಣ್ಣೆ ಬಿಡಲೇ ಅಂತ ಚಾಷ್ಟಿ ಮಾಡಿದೆ. ನಗಲಿಲ್ಲ. ಅಸರ್ ನಮಾಜಿಗೆ ಜಾನಮಾಜನ್ನು ಗೋಡೆ ಕಡೆ ಸರಿಸಿಕೊಂಡರು. ಹನ್ನೊಂದರ ಒಳಗೆ.

14 ಆಗಸ್ಟ್, ಬುಧವಾರ

ಈ ಪ್ಲಾಟು ಹಳೇ ಖಣಿ ಮುಚ್ಚಿ ಮಾಡಿದ್ದು. ಕೆಳಗಿನ ಮಣ್ಣು ಕುಸಿದಿರಬೇಕು ಅಂತ ಶಾಕೀರನ ಅನುಮಾನ. ಕೆಲಸದಿಂದ ಬಂದವನೇ ಹಾರೆ ಹಾಕಿ ಹನ್ನೆರಡನೇ ಕಲ್ಲು ಎಬ್ಬಿಸಿದ.

ಕೆಳಗೆ ಉಸುಕು, ಅವನು ತುಂಬಿದ ಹಾಗೇ ಇತ್ತು. ಬೆರಳು ಇಳಿಯಲಿಲ್ಲ. ಒಂದು ಇರುವೆ ಹೋಗುವಷ್ಟು ಸಂದಿಲ್ಲ. ಹೊಸದಾಗಿ ಸಿಮೆಂಟ್ ಕಲಸಿ ಕಲ್ಲು ಕೂರಿಸಿದ. ಅಮ್ಮಿ ಬಡಿದು ನೋಡಿ ತಲೆ ಅಲ್ಲಾಡಿಸಿದರು.

ಎಪ್ಪತ್ತರ ಕಿವಿ, ಬಿಡು ಅಂದ ನನಗೆ. ಅಂದವನು ಊಟ ಮಾಡುವಾಗ ಎರಡು ಸಲ ಆ ಕಲ್ಲನ್ನು ತಿರುಗಿ ನೋಡಿದ.

20 ಆಗಸ್ಟ್, ಮಂಗಳವಾರ

ರಾವೂರ ಸ್ಕೂಲು. ಎಂಟನೇ ಕ್ಲಾಸು, ಚಕ್ರಬಡ್ಡಿ. ಬೋರ್ಡ್ ತುಂಬ ಲೆಕ್ಕ ಮಾಡಿದೆ. ಎರಡನೇ ಬೆಂಚಿನ ಸುಶ್ಮಿತಾ ಎದ್ದು ನಿಂತಳು. ಸಾಲ ತಗೊಂಡವರು ತಿಂಗಳಾ ತಿಂಗಳಾ ಕಟ್ಟುತ್ತಾರಲ್ಲ, ಆದರೂ ಅವರ ಅಸಲು ಯಾಕೆ ಬೇಗ ಇಳಿಯುವುದಿಲ್ಲ ಅಂತ ಕೇಳಿದಳು. ಅವರಪ್ಪ ಟ್ರ್ಯಾಕ್ಟರ್ ಸಾಲ ಕಟ್ಟುತ್ತಿದ್ದಾರಂತೆ.

ಕಟ್ಟಿದ ದುಡ್ಡಲ್ಲಿ ಮೊದಲು ಬಡ್ಡಿ ಕಡಿಯುತ್ತಾರೆ, ಉಳಿದದ್ದಷ್ಟೇ ಅಸಲಿಗೆ ಹೋಗುತ್ತದೆ ಅಂತ ಜಾಣೆಯ ಹಾಗೆ ಹೇಳಿದೆ. ಹೇಳಿ ಅಲ್ಲೇ ನಿಂತೆ, ಸೀಮೆಸುಣ್ಣ ಕೈಯಲ್ಲಿ. ಮೊದಲು ಬಡ್ಡಿ. ಉಳಿದದ್ದು ಅಸಲಿಗೆ. ನಮ್ಮ ಕಂತಿನಲ್ಲಿ ಉಳಿಯುವುದು ಎಷ್ಟು? ನಲವತ್ತು ತಿಂಗಳಲ್ಲಿ ಒಂದು ಸಲವೂ ಕೇಳಿಲ್ಲ. ಎಂಟು ವರ್ಷದಿಂದ ಇದೇ ಪಾಠ ಮಾಡುತ್ತಿದ್ದೇನೆ. ದೀಪದ ಬುಡದಲ್ಲೇ ಕತ್ತಲು ಅನ್ನುವುದು ನನ್ನಂಥವರನ್ನು ನೋಡೇ.

31 ಆಗಸ್ಟ್, ಶನಿವಾರ

ಅರ್ಧ ದಿನದ ಸ್ಕೂಲು ಮುಗಿಸಿ ಬ್ಯಾಂಕಿಗೆ ಹೋದೆ. ಸಾಲದ ಟೇಬಲ್ಲಿನ ಸಾಯಿಕುಮಾರ್, ಚಿಕ್ಕ ಹುದ್ದೆಯ ಮರ್ಯಾದಸ್ಥ ಮನುಷ್ಯ. ಕುಂದ್ರಿ ಮೇಡಂ ಅಂದು ನೀರು ತರಿಸಿ ನಾಲ್ಕು ಹಾಳೆ ಪ್ರಿಂಟ್ ಕೊಟ್ಟರು.

ಸಹಿ ಹಾಕಿದಾಗ ಬಡ್ಡಿ ಏಳೂವರೆ. 2022ರಲ್ಲಿ 8.4 ಆಯಿತು. ಮರುವರ್ಷ ಒಂಬತ್ತೂಕಾಲು. ಕಂತು ಮಾತ್ರ ಅಷ್ಟೇ ಇತ್ತಲ್ಲ ಅಂದೆ.

“ನಿಮಗ ಭಾರ ಆಗಬಾರ್ದಂತ ಕಂತು ಹಂಗೇ ಇಟ್ಟು ತಿಂಗಳು ಬೆಳಸ್ತದ್ರಿ ಮೇಡಂ ಸಿಸ್ಟಮ್. ಮೆಸೇಜ್ ಬಂದಿರ್ತದ ನೋಡ್ರಿ.”

ಬಂದಿತ್ತು, ನೆನಪಿದೆ. ಇಂಗ್ಲಿಷಿನಲ್ಲಿ, ರೀಚಾರ್ಜ್ ಆಫರುಗಳ ನಡುವೆ. ಎಲ್ಲದರ ಜೊತೆ ಡಿಲೀಟ್ ಮಾಡಿದ್ದೆ.

ಕೊನೇ ಹಾಳೆ. ಉಳಿದ ಕಂತು — 317. ಇದು ತಪ್ಪು ಅಂದೆ. ಇನ್ನೂರ ನಲವತ್ತರಲ್ಲಿ ನಲವತ್ತು ಕಳೆದರೆ ಇನ್ನೂರು. ಸಾಯಿಕುಮಾರ್ ಕಂಪ್ಯೂಟರ್ ನನ್ನ ಕಡೆ ತಿರುಗಿಸಿದರು. ಮುನ್ನೂರ ಹದಿನೇಳು. ನಾವು ನಡೆದಷ್ಟೂ ಹಾದಿ ಮುಂದೆ ಮುಂದೆ ಬೆಳೆದಿದೆ.

ಮನೆಗೆ ಬಂದು ಬುರ್ಖಾ ತೆಗೆಯುವ ಮೊದಲೇ ಪೆನ್ನು ಹಿಡಿದೆ. ಕಟ್ಟಿದ್ದು 3,86,680. ಅಸಲಿಗೆ ಹೋಗಿದ್ದು 56,422. ಉಳಿದ ಮೂರು ಲಕ್ಷದ ಮೂವತ್ತು ಸಾವಿರ ಬಡ್ಡಿ. ಹೀಗೇ ನಡೆದರೆ ಹನ್ನೆರಡು ಲಕ್ಷದ ಸಾಲಕ್ಕೆ ಕಟ್ಟುವುದು ಮೂವತ್ತನಾಲ್ಕೂವರೆ ಲಕ್ಷ. ಒಂದು ಮನೆಯಲ್ಲಿದ್ದು ಮೂರು ಮನೆಯ ದುಡ್ಡು.

ಅಷ್ಟಕ್ಕೇ ಬಿಡಬೇಕಿತ್ತು. ಬಿಡಲಿಲ್ಲ. ಹನ್ನೆರಡು ಲಕ್ಷ ಭಾಗಿಸು ಇನ್ನೂರ ನಲವತ್ತು. ಕಲ್ಲಿಗೆ ಐದು ಸಾವಿರ. 56,422 ಭಾಗಿಸು ಐದು ಸಾವಿರ.

ಹನ್ನೊಂದು. ಮೇಲೆ ಚೂರು.

ಇನ್ನೊಮ್ಮೆ ಮಾಡಿದೆ. ಮಗ್ಗಿ ಹೇಳಿಕೊಂಡು ಮಾಡಿದೆ. ಹನ್ನೊಂದು. ತಲೆ ಎತ್ತಿದರೆ ಅಮ್ಮಿ ಗೋಡೆಗೊರಗಿ ತಸಬಿ ಎಣಿಸುತ್ತಿದ್ದರು. ಹನ್ನೊಂದು ಕಲ್ಲಿನ ಒಳಗೆ, ಸೀರೆಯ ಅಂಚೂ ಆಚೆ ಹೋಗದಂತೆ.

1 ಸೆಪ್ಟೆಂಬರ್, ರವಿವಾರ

ಶಾಕೀರನನ್ನು ಮಾಳಿಗೆಗೆ ಕರೆದು ಹೇಳಿದೆ. ಹಾಳೆ ಇಸಿದುಕೊಂಡು ಕೊನೇ ಸಾಲಿಗೆ ಬೆರಳಿಟ್ಟು ಓದಿದ. ಸಾಲ ತೀರುವುದು ಜನವರಿ 2051. ಆಗ ಅವನಿಗೆ ಎಪ್ಪತ್ತೊಂದು. ನಾಲ್ಕನೇ ಕ್ಲಾಸಿನ ನಮ್ಮ ಮಹೆವಿಶ್‌ಗೆ ಮೂವತ್ತಾರು. ಅಮ್ಮಿಯ ಲೆಕ್ಕ ಇಬ್ಬರೂ ಮಾಡಲಿಲ್ಲ.

“ಅಮ್ಮಿಗಿ ಹೇಳಬ್ಯಾಡ” ಅಂದ. ಅಷ್ಟೇ.

ಹೇಳಿದರೆ ಗಂಟುಮೂಟೆ ಕಟ್ಟಿ ತೆಂಗಳಿಗೆ ತಮ್ಮನ ಮನೆಗೆ ಹೊರಡುತ್ತಾರೆ. ಮೂರು ವರ್ಷ ಬ್ಯಾಜಿನ ಕಲ್ಲಿನ ಮೇಲೆ ಹಣೆ ಹಚ್ಚಿದೆನಲ್ಲಾ ಅಂತ ಅಲ್ಲೇ ಕೊರಗಿ ಸಾಯುತ್ತಾರೆ. ಮಗನೇ ಗೀಟು ಎಳೆದು ನಂಬಿಸಿದ ಅನ್ನುವುದು ಅದಕ್ಕೂ ಮೇಲೆ. ಶಾಕೀರನ ಕಣ್ಣಲ್ಲಿ ನೀರಿತ್ತು. ಮೋಸ ಮಾಡಿದವನಲ್ಲ ಅವನು. ತಿಳಿಯದೆ ಮಾಡಿದ, ನನ್ನನ್ನು ಕೇಳಿಯೇ ಮಾಡಿದ.

ನನಗೆ ಭಯ ಬೇರೆಯೇ. ಬ್ಯಾಂಕಿನ ಹಾಳೆ ನಾನು ನೋಡಿದ್ದು ನಿನ್ನೆ. ಅಮ್ಮಿ ಹೇಳಿದ್ದು ಇಪ್ಪತ್ತು ದಿನದ ಹಿಂದೆ. ಅಮ್ಮಿಗೆ ಓದಲು ಬರುವುದಿಲ್ಲ.

5 ಸೆಪ್ಟೆಂಬರ್, ಗುರುವಾರ

ನಲವತ್ತೊಂದು. ಶಾಕೀರ್ ಎಳೆದ ಗೀಟು ಸೊಟ್ಟಗಾಯಿತು. ಅಮ್ಮಿ ನೋಡುತ್ತಿದ್ದರು. ಬಿಸ್ಮಿಲ್ಲಾ ಅನ್ನಲಿಲ್ಲ.

9 ಅಕ್ಟೋಬರ್, ಬುಧವಾರ

ಐದು ತಿಂಗಳ ಗೌರವಧನ ಒಟ್ಟಿಗೆ ಬಂತು. ಅತಿಥಿ ಶಿಕ್ಷಕರಿಗೆ ಸರ್ಕಾರ ಕೊಡುವುದೂ ಹೀಗೇ, ಬರಗಾಲ ಇಲ್ಲವೇ ಪ್ರವಾಹ. ದಸರಾ ರಜೆ. ಯಾರಿಗೂ ಹೇಳದೆ ಬ್ಯಾಂಕಿಗೆ ಹೋಗಿ ಐವತ್ತು ಸಾವಿರ ಅಸಲಿಗೆ ಕಟ್ಟಿದೆ. ಅಸಲಿಗೇ ಜಮಾ ಅಂತ ಅರ್ಜಿಯಲ್ಲಿ ಬರೆಸಿಕೊಂಡರು ಸಾಯಿಕುಮಾರ್.

ಉಳಿದ ಕಂತು 315 ಇದ್ದದ್ದು 267 ಆಯಿತು! ಒಂದೇ ಏಟಿಗೆ ನಲವತ್ತೆಂಟು ತಿಂಗಳು. ಐವತ್ತು ಸಾವಿರ ಕೊಟ್ಟು ನಾಲ್ಕು ಲಕ್ಷ ಅರವತ್ತು ಸಾವಿರ ಉಳಿಸಿದೆ. ಅಲ್ಲೇ ಕುಣಿಯಬೇಕು ಅನಿಸಿತು, ಸೆಕ್ಯುರಿಟಿಯವನು ನೋಡುತ್ತಿದ್ದ.

ಖುಷಿಯಲ್ಲೇ ಇನ್ನೊಂದು ಕೇಳಿದೆ. ಸಾಲ ಹನ್ನೆರಡು ಲಕ್ಷ, ನಮ್ಮ ಕೈಗೆ ಬಂದದ್ದು ಹನ್ನೊಂದು ಲಕ್ಷ ಅರವತ್ತು ಸಾವಿರ. ನಲವತ್ತು ಸಾವಿರ ಎಲ್ಲಿ?

“ಸರ್ ಹೆಸರಿಗಿ ಇನ್ಶುರೆನ್ಸ್ ಅದ್ರಿ. ಅದರ ರೊಕ್ಕಾ ಸಾಲದಾಗೇ ಕೂಡಸ್ತಾರ. ನಾಳಿಗಿ ಸರ್‌ಗ ಏನರ ಆದ್ರ ಉಳದ ಸಾಲ ಎಲ್ಲಾ ಅವರೇ ಕಟ್ಟತಾರ. ಮನಿ ಪೂರ್ತಿ ನಿಮ್ದೇ.”

ಒಳ್ಳೇ ಸುದ್ದಿ ಕೊಡುವವರ ಹಾಗೆ ಹೇಳಿದರು. ಶಾಕೀರ್ ಸತ್ತರೆ ಬರುವ ದುಡ್ಡಿಗೆ ಶಾಕೀರನೇ ಬಡ್ಡಿ ಕಟ್ಟುತ್ತಿದ್ದಾನೆ. ಚಹಾ ತರಿಸುತ್ತೇನೆ ಅಂದರು. ಬೇಡ ಅಂದು ಎದ್ದು ಬಂದೆ. ಇದನ್ನು ಮನೆಯಲ್ಲಿ ಹೇಳುವುದಿಲ್ಲ.

10 ಅಕ್ಟೋಬರ್, ಗುರುವಾರ

ಮಧ್ಯಾಹ್ನ ಹಿಟ್ಟು ನಾದುತ್ತಿದ್ದೆ. ನಡುಮನೆಯಿಂದ ಟಕ್… ಟಕ್… ಆಮೇಲೆ ಅಮ್ಮಿಯ ದನಿ, ನೆಮ್ಮದಿಯ ದನಿ.

“ಇವತ್ತ ಇಪ್ಪತ್ತೊಂದು ಆಗ್ಯಾವ, ಅತೀಯಾ.”

ಕೈ ತೊಳೆಯದೇ ಲೆಕ್ಕ ಮಾಡಿದೆ. ಹಿಟ್ಟಿನ ಬೆರಳಿನ ಗುರುತು ಈ ಪುಟದ ಮೇಲಿದೆ. ಈವರೆಗೆ ಅಸಲಿಗೆ ಹೋಗಿದ್ದು 1,08,132. ಭಾಗಿಸು ಐದು ಸಾವಿರ. ಇಪ್ಪತ್ತೊಂದು. ಗೀಟು ಇರುವುದು ನಲವತ್ತೆರಡಕ್ಕೆ.

ಶಾಕೀರನಿಗೂ ಹೇಳಿರಲಿಲ್ಲ ನಾನು.

13 ಅಕ್ಟೋಬರ್, ರವಿವಾರ

ತಡೆಯಲಾಗಲಿಲ್ಲ. ಅಮ್ಮಿಯ ಮೊಣಕಾಲಿಗೆ ಎಣ್ಣೆ ತಿಕ್ಕುತ್ತಾ ಕೇಳಿದೆ, ನಿಮಗೆ ಹೇಗೆ ತಿಳಿಯುತ್ತದೆ ಅಂತ.

“ನಾ ಏನ್ ಮಾಡ್ತೀನಿ? ಕಲ್ಲ ಹೇಳ್ತದ, ನಾ ಕೇಳ್ತೀನಿ. ನಮ್ಮದಾಗಿದ್ದು ಮಾತಾಡ್ತದ. ಮಂದೀದು ಮಾತಾಡಂಗಿಲ್ಲ.”

ಅಡಕೊತ್ತು ನನ್ನ ಕೈಗೆ ಕೊಟ್ಟರು. ಇಪ್ಪತ್ತೊಂದನೇ ಕಲ್ಲಿಗೆ ಬಡಿದೆ. ಖಣ್ ಅಂತು, ಸ್ಟೀಲ್ ಬಟ್ಟಲಿಗೆ ಚಮಚ ತಾಗಿದ ಹಾಗೆ. ಇಪ್ಪತ್ತೆರಡಕ್ಕೆ ಬಡಿದೆ. ಸದ್ದೇ ಇಲ್ಲ. ಮಂದ ಸದ್ದಲ್ಲ, ಸದ್ದೇ ಇಲ್ಲ. ಅಡಕೊತ್ತು ಕಲ್ಲಿಗೆ ತಾಗಿದ್ದು ಕಣ್ಣಿಗೆ ಕಂಡಿತು, ಕೈಗೆ ಗೊತ್ತಾಯಿತು, ಕಿವಿಗೆ ಏನೂ ಬರಲಿಲ್ಲ. ಹೊರಗೆ ಆಟೋ ಹೋದದ್ದು ಮಾತ್ರ ಕೇಳುತ್ತಿತ್ತು.

ಅಮ್ಮಿ ನನ್ನ ಮುಖ ನೋಡಿ ಅಡಕೊತ್ತು ಇಸಿದುಕೊಂಡರು. ಇನ್ನು ನಾನು ಅದನ್ನು ಮುಟ್ಟುವುದಿಲ್ಲ. ಆಗಸ್ಟಿನಲ್ಲಿ ಎಲ್ಲಾ ಒಂದೇ ಥರ ಕೇಳಿಸಿತ್ತಲ್ಲ… ಆಗ ನನಗೆ ಲೆಕ್ಕ ಗೊತ್ತಿರಲಿಲ್ಲ.

5 ನವೆಂಬರ್, ಮಂಗಳವಾರ

ನಲವತ್ಮೂರು.

ಐವತ್ತು ಸಾವಿರದ ಮಾತು ಶಾಕೀರನಿಗೆ ಹೇಳಿದೆ, ಇನ್ಶುರೆನ್ಸಿನದು ಬಿಟ್ಟು. ಈಗ ಹೆಚ್ಚಿಗೆ ಕಟ್ಟುವ ಪ್ರತಿ ಸಾವಿರಕ್ಕೂ ಇಪ್ಪತ್ನಾಲ್ಕು ದಿನ ಕಡಿಮೆಯಾಗುತ್ತದೆ ಅಂತ ತೋರಿಸಿಕೊಟ್ಟೆ. ಪೆನ್ಸಿಲ್ ಹಿಡಿದು ತಾನೇ ಮೂರು ಸಲ ಮಾಡಿದ. ನಕ್ಕ. ಆಗಸ್ಟ್ ಆದಮೇಲೆ ಮೊದಲ ಸಲ ನಕ್ಕದ್ದು. ನನಗೆ ಮದುವೆಯಾದ ಹೊಸತು ನೆನಪಾಯಿತು, ನಾಚಿಕೆಯೂ ಆಯಿತು.

ನಕ್ಕವನು ಆಮೇಲೆ ಹೇಳಿದ. ರಾವೂರದ ಆಚೆ ಒಂದು ಖಣಿಯಲ್ಲಿ ಲೋಡಿಂಗಿಗೆ ಜನ ಬೇಕಂತೆ. ಬೆಳಗಿನ ಐದರಿಂದ ಒಂಬತ್ತೂವರೆ, ದಿನಕ್ಕೆ ಐನೂರು. ಅಲ್ಲಿಂದ ನೇರ ಯಾರ್ಡಿಗೆ. ಎರಡು ದಿನ ಕಲ್ಲು ಎತ್ತಿದರೆ ಇಪ್ಪತ್ನಾಲ್ಕು ದಿನ ಸಾಲ ಇಳಿಯುತ್ತದೆ.

“ಬ್ಯಾಡ್ರಿ. ನಿಧಾನಕ ತೀರಸೋಣು.”

“ನೀನೇ ಲೆಕ್ಕ ಕಲಿಸಿದಿ, ಈಗ ನೀನೇ ಬ್ಯಾಡ ಅಂದ್ರ ಹ್ಯಾಂಗ? ಅಮ್ಮಿ ಕಣ್ಣ ಮುಂದ ಇಡೀ ಮನಿಗಿ ಖರೇ ಗೀಟ ಎಳೀಬೇಕು ನಾ.”

ಖರೇ ಗೀಟು ಅಂದ. ಇನ್ನೂ ಗಟ್ಟಿಯಾಗಿ ಬೇಡ ಅನ್ನಬೇಕಿತ್ತು. ನಲವತ್ನಾಲ್ಕು ವರ್ಷದ ಸೊಂಟ, ಖಣಿ ಬಿಟ್ಟು ಹದಿನೈದು ವರ್ಷ ಆಗಿದೆ.

13 ನವೆಂಬರ್, ಬುಧವಾರ

ರಾತ್ರಿ ಊಟಕ್ಕೆ ಕೂತಾಗಲೂ ಅವನ ರೆಪ್ಪೆಯ ಮೇಲೆ ಬಿಳಿ ಧೂಳು. ‘ಅಬ್ಬಾ ಮುದುಕ ಆದರು’ ಅಂತ ಮಹೆವಿಶ್ ಅಪ್ಪನನ್ನು ನೋಡಿ ನಗುತ್ತಾಳೆ. ಹೆಬ್ಬೆರಳಿಗೆ ಬಟ್ಟೆ ಸುತ್ತಿದ್ದಾನೆ, ಕೇಳಿದರೆ ಏನಿಲ್ಲ. ಖಣಿ ಭಾಳ ಆಳ ಅಂತೆ, ಮೇಲೆ ಬೆಳಗಾದರೂ ಕೆಳಗೆ ಆಗುವುದಿಲ್ಲವಂತೆ.

ಏಳು ದಿನದ್ದು ಮೂರೂವರೆ ಸಾವಿರ ತಂದು ಕೊಟ್ಟ. ಸಕ್ಕರೆ ಡಬ್ಬಿಯ ಹಿಂದೆ ಇಟ್ಟಿದ್ದೇನೆ.

ಅಮ್ಮಿಗೆ ಮೊಣಕಾಲು ಊದಿದೆ. ಕಲ್ಲು ಬಡಿದು ವಾರವಾಯಿತು. ಹೇಳಬಾರದು, ಆದರೆ ಆರಾಮಾಗಿದ್ದೇನೆ.

18 ನವೆಂಬರ್, ಸೋಮವಾರ, 11.20

ಕನಕ ಜಯಂತಿ ರಜೆ. ಶಾಕೀರ್ ನಾಲ್ಕೂವರೆಗೆ ಹೋದ. ನಾನು ಎದ್ದಿರಲಿಲ್ಲ, ಬಾಗಿಲು ಎಳೆದುಕೊಂಡದ್ದು ಕೇಳಿಸಿತು.

ಇವತ್ತು ಅಮ್ಮಿಗೆ ಕಾಲು ವಾಸಿ. ಹತ್ತೂವರೆಗೆ ಗೋಡೆಯಿಂದ ಶುರು ಮಾಡಿದರು. ಅಡುಗೆಮನೆಯಲ್ಲಿ ಅಕ್ಕಿ ಆರಿಸುತ್ತಿದ್ದೆ, ಮೊದಲು ಲಕ್ಷ್ಯ ಕೊಡಲಿಲ್ಲ. ಆಮೇಲೆ ಗೊತ್ತಾಯಿತು, ನಿಲ್ಲುತ್ತಿಲ್ಲ. ಇಪ್ಪತ್ತೊಂದು ದಾಟಿತು. ಗೀಟು ಮುಗಿಯುವ ನಲವತ್ಮೂರು ದಾಟಿತು. ಖಣ್. ಖಣ್. ನನಗೂ ಕೇಳುತ್ತಿದೆ, ಒಂದೊಂದೂ. ಅಡುಗೆಮನೆಗೆ ಬಂದರು. ನನ್ನ ಕಾಲು ಎತ್ತಿಸಿ ಅದರ ಕೆಳಗಿನದೂ ಬಡಿದರು. ಮೆಟ್ಟಿಲತನಕ ಹೋದರು. ತಿರುಗಿ ಬಂದಾಗ ಗಲ್ಲದ ಮೇಲೆ ನೀರು, ನಗುತ್ತಿದ್ದಾರೆ.

“ಎಲ್ಲಾ ಗಟ್ಟಿ ಅವ, ಅತೀಯಾ. ಒಂದೂ ಬಿಡಲಾರ್ದ. ಸಾಲ ತೀರಸೀರಿ, ನನಗ ಒಂದ ಮಾತ ಹೇಳಿಲ್ಲ ನೋಡು.”

ಮೊಬೈಲ್ ತೆಗೆದು ಬ್ಯಾಂಕಿನ ಆ್ಯಪ್ ನೋಡಿದೆ. ಬಾಕಿ 10,90,617. ಮುಚ್ಚಿ ತೆಗೆದೆ. ಅಷ್ಟೇ. ಒಂದು ರೂಪಾಯಿ ಇಳಿದಿಲ್ಲ. ಇದೇ ಮೊದಲ ಸಲ ಬ್ಯಾಂಕಿಗೂ ಕಲ್ಲಿಗೂ ತಾಳೆ ಆಗುತ್ತಿಲ್ಲ. ಕಲ್ಲು ತಪ್ಪಿರಬೇಕು. ಅಮ್ಮಿಗೆ ವಯಸ್ಸಾಗಿದೆ, ನನಗೆ ನಿದ್ದೆ ಸಾಲದು. ಕಲ್ಲು ತಪ್ಪಿರಲೇಬೇಕು. ಬ್ಯಾಂಕಿಗೆ ಸುದ್ದಿ ತಡವಾಗಿ ಮುಟ್ಟುತ್ತದೆ ಅಂತ ಯಾಕೆ ತಲೆಗೆ ಬರುತ್ತಿದೆ.

ಶಾಕೀರನಿಗೆ ಫೋನ್ ಮಾಡಿದೆ. ರಿಂಗ್ ಆಗುತ್ತದೆ, ಎತ್ತುತ್ತಿಲ್ಲ. ಮೂರು ಸಲ. ಯಾರ್ಡಿಗೆ ಮಾಡಿದೆ. ಇನ್ನೂ ಬಂದಿಲ್ಲ ಅಂದರು. ಕೆಲಸದಲ್ಲಿ ಅಂಗಿ ಬಿಚ್ಚಿ ಗಾಡಿಯ ಮೇಲೆ ಹಾಕುತ್ತಾನೆ, ಫೋನ್ ಅದರ ಜೇಬಲ್ಲಿರುತ್ತದೆ. ಹಾಗೇ ಇರಬೇಕು.

ಇಷ್ಟು ಸಾಲ ಒಂದೇ ದಿನಕ್ಕೆ ತೀರುವುದು ಒಂದೇ ದಾರಿಯಲ್ಲಿ. ಅದನ್ನು ಬರೆಯುವುದಿಲ್ಲ. ಈ ಮನೆಯಲ್ಲಿ ಅದು ಗೊತ್ತಿರುವುದು ನನಗೊಬ್ಬಳಿಗೇ.

11.45

ಸುಮ್ಮನೆ ಕೂರಲಾಗುತ್ತಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ.

ಸಾಲ ತೀರಿತಂತ ಅಮ್ಮಿ ಶುಕ್ರಾನಾ ನಮಾಜಿಗೆ, ದೇವರಿಗೆ ಕೃತಜ್ಞತೆ ಹೇಳಲು, ನಿಂತಿದ್ದಾರೆ. ಗೋಡೆ ಬಿಟ್ಟು, ಗೀಟಿಲ್ಲದ ಕಲ್ಲಿನ ಮೇಲೆ, ಮನೆಯ ನಟ್ಟನಡುವೆ. ಮೂರು ವರ್ಷದಲ್ಲಿ ಇಷ್ಟು ಖುಷಿಯಾಗಿ ಅವರನ್ನು ನೋಡಿಲ್ಲ. ಹೇಗೆ ತಡೆಯಲಿ.

ಹೊರಗೆ ಗಾಡಿ ನಿಂತಿತು. ಶಾಕೀರನ ಗಾಡಿಯ ಸದ್ದಲ್ಲ. ಮೆಟ್ಟಿಲ ಹತ್ತಿರ ಚಪ್ಪಲಿ ಬಿಡುತ್ತಿದ್ದಾರೆ. ಒಬ್ಬರಲ್ಲ. ಭಾಳ ಮಂದಿ. ಯಾರೂ ಕೂಗುತ್ತಿಲ್ಲ, ಬಾಗಿಲೂ ಬಡಿಯುತ್ತಿಲ್ಲ. ಅಮ್ಮಿ ಸಲಾಮ್ ಮುಗಿಸಿ ಯಾರು ಬಂದರು ನೋಡು ಅಂತಿದ್ದಾರೆ. ಏಳಬೇಕು. ಎದ್ದು ಬಾಗಿಲು